ಗೋಡೆ ಗೋಡೆಗೂ ನನ್ನ ಮುಖ

ಹಳಿಯಾಳದ ಪೇಟೆಯಲ್ಲಿ ನನ್ನ ಗಂಡನಿಗೆ ಒಂದು ಕಿರಾಣಿ ಅಂಗಡಿ ಇತ್ತು. ಅಂಗಡಿಯ ಹಿಂದೆಯೇ ಮನೆ. ನಾನು ಮುಂಡಗೋಡ ಕಡೆಯ ಇಂದೂರಿನವಳು. ಅಲ್ಲಿಯ ಶಾಲೆಯಲ್ಲಿ ಕನ್ನಡ ಮೂರನೆಯ ಇಯತ್ತೆಯವರೆಗೆ ಓದಿದ್ದೆ. ಆ ಓದು ನನ್ನ ಬಾಳಿನಲ್ಲಿ ಹೆಚ್ಚಾಗಿ ಉಪಯೋಗಕ್ಕೆ ಬಂದದ್ದು ಗೋಡೆಯ ಮೇಲಿನ ಒಂದೇ ಒಂದು ಸಾಲನ್ನು ಓದಲು. ಓದಲು ಬಾರದೇ ಇದ್ದಿದ್ದರೆ ನಾನು ಇನ್ನಷ್ಟು ಸುಖವಾಗಿರುತ್ತಿದ್ದೆನೇನೋ. ಆದರೆ ಆಗ ಆ ಮನುಷ್ಯನೂ ಸುಖವಾಗಿರುತ್ತಿದ್ದ. ಅದನ್ನು ನಾನು ಸಹಿಸುತ್ತಿರಲಿಲ್ಲ.

ಇದು ದೊಡ್ಡ ಯುದ್ಧ ಶುರುವಾಗುವುದಕ್ಕೆ ಸ್ವಲ್ಪ ಮುಂಚಿನ ಮಾತು. ನನ್ನ ಚೊಚ್ಚಲ ಮಗ ಆಗಷ್ಟೇ ಗೋಡೆ ಹಿಡಿದು ನಡೆಯಲು ಕಲಿತಿದ್ದ. ಅಂಗಡಿಯ ಮೂಟೆಗಳನ್ನು ಹಿಡಿದುಕೊಂಡು ಬಾಗಿಲವರೆಗೆ ಬಂದು, ಅಲ್ಲಿ ಹಿಡಿಯಲು ಏನೂ ಸಿಗದೆ ಕೂತುಬಿಡುತ್ತಿದ್ದ. ಆ ವರ್ಷದ ಮಳೆಗಾಲದಲ್ಲಿ ಅವನಿಗೆ ಚಳಿಜ್ವರ ಹಿಡಿಯಿತು. ಕಾಡಿನ ಬದಿಯ ನಮ್ಮ ಊರುಗಳಲ್ಲಿ ಅದು ಮನೆ ಮನೆಗೂ ಬರುವ ನೆಂಟ. ಕೆಲವರ ಮನೆಯಿಂದ ಹಾಗೇ ಹೋಗುತ್ತಿತ್ತು, ಕೆಲವರ ಮನೆಯಿಂದ ಒಬ್ಬರನ್ನು ಕರೆದುಕೊಂಡು ಹೋಗುತ್ತಿತ್ತು.

ಜ್ವರ ಕಂಡ ದಿನವೇ ನಾನು ಅವನನ್ನು ಸರಕಾರಿ ದವಾಖಾನೆಗೆ ಒಯ್ದೆ. ನನ್ನ ಜೊತೆಗೆ ಬಂದವಳು ಪಕ್ಕದ ಮನೆಯ ಬೂಬು. ಅವಳ ಗಂಡ ಹಳಿಯಾಳದಿಂದ ಸುತ್ತಲಿನ ಊರುಗಳಿಗೆ ಹೋಗುವ ಸರ್ವಿಸ್ ಮೋಟಾರನ್ನು ನಡೆಸುತ್ತಿದ್ದ. ಕೆಟ್ಟರೆ ರಿಪೇರಿಯನ್ನೂ ಅವನೇ ಮಾಡುತ್ತಿದ್ದ. ಬೂಬುವಿನ ಮಕ್ಕಳು ದೊಡ್ಡವರಾಗಿದ್ದರು. ನನ್ನ ಮಗ ನನ್ನ ಹತ್ತಿರ ಇದ್ದಷ್ಟೇ ಹೊತ್ತು ಅವಳ ಸೊಂಟದ ಮೇಲೂ ಇರುತ್ತಿದ್ದ. ದವಾಖಾನೆಯ ಕಹಿ ಕ್ವಿನೈನನ್ನು ಮಗ ಉಗುಳುತ್ತಿದ್ದ. ಅವಳು ಮೂಗು ಹಿಡಿಯುತ್ತಿದ್ದಳು, ನಾನು ಬಾಯಿಗೆ ಹಾಕುತ್ತಿದ್ದೆ. ಒಂದು ಹೊತ್ತೂ ತಪ್ಪಿಸಲಿಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಮುಂದೆ ನನ್ನ ಬಗ್ಗೆ ಊರೂರಿನ ಗೋಡೆಗಳು ಬೇರೆಯದನ್ನೇ ಹೇಳಿದವು.

ಆ ಮನುಷ್ಯ ಬಂದದ್ದು ಅದೇ ದಿನಗಳಲ್ಲಿ, ಒಂದು ಸಂತೆಯ ದಿನ. ಮಕ್ಕಳ ಟಾನಿಕ್ಕಿನ ಏಜಂಟ. ಬಿಳಿ ಕೋಟು, ಕರಿ ಟೋಪಿ, ಕಿವಿಯಲ್ಲಿ ಅತ್ತರಿನ ಹತ್ತಿ. ಚಕ್ಕಡಿಯ ಮೇಲೆ ಗ್ರಾಮಫೋನ್ ಇಟ್ಟು ಹಾಡು ಹಚ್ಚಿದ. ನಮ್ಮಲ್ಲಿ ಬಹಳ ಜನ ಅಂಥ ಅಗಲ ಬಾಯಿಯ ಭೋಂಗಾವನ್ನು ಹತ್ತಿರದಿಂದ ನೋಡಿಯೇ ಇರಲಿಲ್ಲ. ಹಾಡು ಏರುವ ಹೊತ್ತಿಗೆ ಸರಿಯಾಗಿ ಸೂಜಿ ಎತ್ತಿಬಿಡುತ್ತಿದ್ದ. ಉಳಿದ ಅರ್ಧಕ್ಕಾಗಿ ಜನ ಬಾಯಿ ತೆರೆದು ನಿಲ್ಲುತ್ತಿದ್ದರು. ಆಗ ಅವನು ಮಾತು ಶುರು ಮಾಡುತ್ತಿದ್ದ. ಗಂಡಸರ ಕಡೆ ನೋಡುತ್ತಲೇ ಇರಲಿಲ್ಲ. ಹಿಂದೆ ಸೆರಗು ಎಳೆದುಕೊಂಡು ನಿಂತ ನಮ್ಮನ್ನು ನೋಡಿಯೇ ಮಾತಾಡುತ್ತಿದ್ದ.

"ಅವ್ವಾರ, ತಾಯಿ ಪ್ರೀತಿ ಎಲ್ಲಾರಿಗೂ ಐತಿ. ಆದ್ರ ಎದಿಯೊಳಗ ಇದ್ದ ಪ್ರೀತಿ ಕೂಸಿನ ಹೊಟ್ಟಿಗೆ ಹೆಂಗ ಇಳೀಬೇಕ್ರಿ? ಚಮಚಾದಾಗ ಹಾಕಿ ಕುಡಸ್ಬೇಕು. ಈ ಬಾಟ್ಲಿಯೊಳಗ ಇರೂದು ಔಷಧ ಅಲ್ರಿ, ಪ್ರೀತಿ."

ಅಷ್ಟು ಹೇಳಿ, ಗುಂಡು ಗುಂಡಾದ ಒಂದು ಕೂಸಿನ ಬಣ್ಣದ ಚಿತ್ರವಿದ್ದ ತಗಡನ್ನು ಎತ್ತಿ ಹಿಡಿದ.

"ಮಗ್ಗಲ ಮನಿ ಕೂಸು ಹಿಂಗ ಐತಿ. ನಿಮ್ಮ ಕೂಸು ಯಾಕ ಹಂಗಿಲ್ಲ? ಆ ತಾಯಿಗಿಂತ ನಿಮ್ಮ ಪ್ರೀತಿ ಕಡಿಮಿ ಐತೇನು?"

ನಾವೆಲ್ಲ ಒಬ್ಬರ ಸೊಂಟದ ಮೇಲಿನ ಕೂಸನ್ನು ಇನ್ನೊಬ್ಬರು ನೋಡಿದೆವು. ಅಲ್ಲಿಯವರೆಗೆ ಹಳಿಯಾಳದ ಹೆಂಗಸರು ಕೂಸುಗಳನ್ನು ಹಾಗೆ ತೂಗಿ ನೋಡಿದ್ದು ನನಗೆ ನೆನಪಿಲ್ಲ. ಸಂತೆ ಮುಗಿಯುವುದರೊಳಗೆ ಅವನ ಪೆಟ್ಟಿಗೆ ಖಾಲಿಯಾಯಿತು. ಅವನು ನನ್ನ ಗಂಡನ ಅಂಗಡಿಗೆ ಬಂದು, "ಈ ಊರಾಗ ಜನ ಯಾರ ಮಾತು ನಂಬ್ತಾರ ಅಂತ ಕೇಳಿದ್ರ ನಿಮ್ಮ ಹೆಸರ ಹೇಳಿದ್ರು ಸಾವ್ಕಾರ್ರ" ಅಂದ. ಅಷ್ಟು ಸಾಕಾಯಿತು. ಟಾನಿಕ್ಕಿನ ಬಾಟಲಿಗಳು ನಮ್ಮ ಅಂಗಡಿಯ ಮುಂದಿನ ಹಲಗೆಯ ಮೇಲೆ ಕೂತವು. ಗುಂಡು ಕೂಸಿನ ತಗಡು ಬಾಗಿಲ ಮೇಲೆ ಏರಿತು.

ನನ್ನ ಮಗನಿಗೂ ಕುಡಿಸಿದೆ. ಬೆಲ್ಲದ ಪಾಕಕ್ಕೆ ಲವಂಗ ಹಾಕಿದಂಥ ರುಚಿ. ಕ್ವಿನೈನಿಗೆ ಬಾಯಿ ಬಿಗಿಯುತ್ತಿದ್ದವನು ಇದಕ್ಕೆ ಹಕ್ಕಿಮರಿಯ ಹಾಗೆ ಬಾಯಿ ತೆರೆಯುತ್ತಿದ್ದ. ಮುಂಜಾನೆ ಅದು, ಸಂಜೆ ಇದು. ನನ್ನ ಕೈಯಲ್ಲಿ ಏನೇನಿತ್ತೋ ಎಲ್ಲವನ್ನೂ ಮಾಡಿದೆ. ಮಹಾನವಮಿಯ ಮುಂಚೆ, ಮಳೆ ಬಿಟ್ಟು ಆಗತಾನೇ ಬಿಸಿಲು ಬಿದ್ದ ಒಂದು ಮಧ್ಯಾಹ್ನ, ಮಗ ಬೂಬುವಿನ ತೊಡೆಯ ಮೇಲೆ ಹೋಗಿಬಿಟ್ಟ. ನಾನು ಹಿತ್ತಲಲ್ಲಿ ಅವನ ಬಟ್ಟೆ ಒಗೆಯುತ್ತಿದ್ದೆ. ಬೂಬು ಕೂಗಲಿಲ್ಲ. ಎದ್ದು ಬಂದು ನನ್ನ ಒದ್ದೆ ಕೈ ಹಿಡಿದುಕೊಂಡಳು.

ಮುಂದಿನ ಸಂತೆಗೆ ಬಂದ ಏಜಂಟ ಸುದ್ದಿ ಕೇಳಿ ಮನೆಯೊಳಗೆ ಬಂದ. ಟೋಪಿ ತೆಗೆದು, ನೆಲದ ಮೇಲೆಯೇ ಕೂತ. ನನಗೆ ಅದು ದೊಡ್ಡ ಮಾತಾಗಿ ಕಂಡಿತು. ಬಿಳಿ ಕೋಟಿನ ಮನುಷ್ಯ ನೆಲದ ಮೇಲೆ ಕೂತನಲ್ಲ ಎಂದು.

"ನನ್ನದೂ ಒಂದು ಕೂಸು ಹಿಂಗ ಹೋಗೇತ್ರಿ ಅವ್ವಾರ," ಅಂದ. "ನಿಮ್ಮ ಸಂಕಟ ನನಗ ಗೊತ್ತಾಗ್ತದ." ಅವನ ಕಣ್ಣಲ್ಲಿ ನಿಜವಾಗಿಯೂ ನೀರು ಬಂತು. ಒರೆಸಿಕೊಂಡು ಹೇಳಿದ: "ಒಂದು ಫೋಟೋ ತೆಗೀತೇನ್ರಿ. ಕೂಸಿನ ಕುಂಚಗಿ ತೊಡಿ ಮ್ಯಾಲ ಇಟ್ಕೋರಿ. ಅದರ ನೆನಪು ಮನ್ಯಾಗ ಉಳೀತದ. ಮುಂದ ಬಂದಾಗ ತಂದು ಕೊಡ್ತೇನಿ."

ನನ್ನ ಮಗನ ಚಿತ್ರ ಒಂದೂ ಇರಲಿಲ್ಲ. ಅವನು ಬದುಕಿದ್ದಾಗ ಏಜಂಟನ ಹೆಗಲ ಮೇಲಿನ ಆ ಕ್ಯಾಮೆರಾ ನಮ್ಮ ಅಂಗಡಿಗೆ ಎಷ್ಟೋ ಸಲ ಬಂದು ಹೋಗಿತ್ತು. ಆಗ ಯಾರೂ ಅವನ ಚಿತ್ರ ತೆಗೆದಿರಲಿಲ್ಲ. ಅವನ ತಲೆಗೆ ಕಟ್ಟುತ್ತಿದ್ದ ಕುಂಚಿಗೆಯದಾದರೂ ಇರಲಿ ಎಂದು ನಾನು ಒಪ್ಪಿದೆ. ಏಜಂಟ ನನ್ನನ್ನು ಹಿಂದಿನ ಬಾಗಿಲ ಬೆಳಕಿಗೆ ಕೂಡಿಸಿದ. ಸೆರಗು ಸ್ವಲ್ಪ ಹಿಂದಕ್ಕೆ ಸರಿಸಲು ಹೇಳಿದ. ನನ್ನ ಕಡೆ ನೋಡಬೇಡಿ, ಕುಂಚಿಗೆ ನೋಡಿ ಅಂದ. ನೋಡಿದೆ. ಅದರ ಕಿವಿಯ ಹತ್ತಿರ ಇನ್ನೂ ಎಣ್ಣೆಯ ಕಲೆ ಇತ್ತು. ನಾನು ಅತ್ತೆ.

"ಹಾಂ, ಹಂಗ ಇರ್ರಿ," ಅಂದ ಆ ಮನುಷ್ಯ. "ಹಂಗ ಇರ್ರಿ."

ನನ್ನ ದುಃಖದಲ್ಲಿ ಪಾಲು ಇದ್ದವನು ಹಾಗೆ ಹೇಳುತ್ತಿರಲಿಲ್ಲ. ಅದು ನನಗೆ ಆಗ ಹೊಳೆಯಲಿಲ್ಲ.

ಫೋಟೋ ಬರಲಿಲ್ಲ. ಕೇಳಿದರೆ ಹುಬ್ಬಳ್ಳಿಯಲ್ಲಿ ತೊಳೆಯಲು ಕೊಟ್ಟಿದ್ದೇನೆ ಅನ್ನುತ್ತಿದ್ದ. ಚಳಿಗಾಲ ಕಳೆದು, ಮನಸ್ಸು ಹಗುರವಾಗಲಿ ಎಂದು ನನ್ನ ಅಣ್ಣ ನನ್ನನ್ನು ಇಂದೂರಿಗೆ ಕರೆಯಲು ಬಂದ. ದಾರಿಯಲ್ಲಿ ಮುಂಡಗೋಡದ ಪೇಟೆಯಲ್ಲಿ ಅವನು ಎತ್ತಿನ ಕೊರಳ ಗೆಜ್ಜೆ ಕೊಳ್ಳಲು ನಿಂತ. ನಾನು ಚಕ್ಕಡಿಯಿಂದ ಇಳಿದೆ. ಎದುರಿನ ಅರಿವೆ ಅಂಗಡಿಯ ಗೋಡೆಯ ಮೇಲೆ ಒಬ್ಬ ಹೆಂಗಸು ಕೂತಿದ್ದಳು. ಬಾಗಿಲಗಲದ ಕಾಗದ. ತೊಡೆಯ ಮೇಲೆ ಕುಂಚಿಗೆ. ಅವಳ ಪಕ್ಕದಲ್ಲಿ ಒಂದು ಖಾಲಿ ತೊಟ್ಟಿಲನ್ನು ಯಾರೋ ಕೈಯಿಂದ ಬರೆದು ಸೇರಿಸಿದ್ದರು. ಕೆನ್ನೆಯ ಮೇಲೆ ಇಳಿಯುತ್ತಿದ್ದ ಕಣ್ಣೀರನ್ನೂ ದಪ್ಪ ಮಾಡಿ ತಿದ್ದಿದ್ದರು, ದೂರದಿಂದ ಕಾಣಲಿ ಎಂದು. ಕೆಳಗೆ ಟಾನಿಕ್ಕಿನ ಬಾಟಲಿ. ಮೇಲೆ ಕೆಂಪು ಅಕ್ಷರ:

ಈ ತಾಯಿ ತಡ ಮಾಡಿದಳು. ನೀವು?

ಅಕ್ಷರಗಳನ್ನು ಒಂದೊಂದಾಗಿ ಕೂಡಿಸಿ ಓದಿದೆ. ಮತ್ತೊಮ್ಮೆ ಓದಿದೆ. ಅಷ್ಟರಲ್ಲಿ ಸೊಂಟದ ಮೇಲೆ ಕೂಸಿದ್ದ ಒಬ್ಬ ಹೆಂಗಸು ನನ್ನ ಪಕ್ಕಕ್ಕೆ ಬಂದು ನಿಂತು ಚಿತ್ರ ನೋಡಿದಳು. ಆಮೇಲೆ ನನ್ನನ್ನು ನೋಡಿದಳು. ಕೂಸಿನ ಮುಖವನ್ನು ಸೆರಗಿನಿಂದ ಮುಚ್ಚಿ, ನನ್ನಿಂದ ದೂರ ಸರಿದು, ಅಂಗಡಿಯ ಮೆಟ್ಟಿಲು ಹತ್ತಿದಳು. ಬಾಟಲಿ ಕೊಂಡುಕೊಂಡೇ ಇಳಿದಳು.

ಅಣ್ಣ ಬಂದ. ಅವನಿಗೂ ಓದಲು ಬರುತ್ತಿತ್ತು. ಗೋಡೆ ನೋಡಿದ, ಓದದವನ ಹಾಗೆ ಮುಖ ತಿರುಗಿಸಿದ. "ನಡಿ ತಂಗಿ, ಹೋಗೂಣು. ಹೊತ್ತಾತು."

"ಇಂದೂರಿಗೆ ಬ್ಯಾಡ," ಅಂದೆ. "ಹಳಿಯಾಳಕ್ಕ ತಿರಗಸು."

ಹಳಿಯಾಳದ ಗೋಡೆಗಳ ಮೇಲೂ ನಾನಿದ್ದೆ. ಮೋಟಾರು ನಿಲ್ಲುವಲ್ಲಿ, ಸಂತೆಯ ಕಟ್ಟೆಯ ಮೇಲೆ, ದವಾಖಾನೆಯ ದಾರಿಯಲ್ಲಿ. ನಮ್ಮ ಅಂಗಡಿಯ ಮೇಲೆ ಮಾತ್ರ ಇರಲಿಲ್ಲ. ಯಾಕೆ ಇಲ್ಲ ಎಂದು ಒಳಗೆ ಹೋಗಿ ನೋಡಿದೆ. ಬೆಲ್ಲದ ಪೆಂಟಿಗಳ ಹಿಂದೆ ಸುರುಳಿ ಸುತ್ತಿದ ಕಾಗದದ ಕಟ್ಟು ಸಿಕ್ಕಿತು. ಕಟ್ಟು ಬಿಚ್ಚಿ ಮತ್ತೆ ಕಟ್ಟಿದ್ದು ಕಾಣುತ್ತಿತ್ತು.

"ನಿನಗ ತ್ರಾಸ ಆಗ್ತೈತಿ ಅಂತ ಮುಚ್ಚಿಟ್ಟಿದ್ದೆ," ಅಂದ ನನ್ನ ಗಂಡ.

"ತ್ರಾಸ ಆಗ್ತೈತಿ ಅಂತ ಗೊತ್ತಿತ್ತು. ಹಂಗಾರ ಬಾಟ್ಲಿ ಮಾರೂದು ಯಾಕ ಬಿಡಲಿಲ್ಲ?"

"ಜನ ಕೇಳ್ಕೊಂಡು ಬರ್ತಾರ. ಇಲ್ಲ ಅನ್ನೂದು ಹೆಂಗ?"

"ಯಾಕ ಕೇಳ್ಕೊಂಡು ಬರ್ತಾರ? ನನ್ನ ಮಾರಿ ನೋಡಿ ಹೆದರಿ ಬರ್ತಾರ. ನಿಮ್ಮ ಹೇಣ್ತಿ ಮಾರಿ ತೋರಿಸಿ ನೀವು ವ್ಯಾಪಾರ ಮಾಡಾಕತ್ತೀರಿ."

ಅವನು ತಕ್ಕಡಿಯ ಹಗ್ಗವನ್ನು ನೆಟ್ಟಗೆ ಮಾಡುತ್ತ ನಿಂತ. ಕೆಟ್ಟವನಲ್ಲ. ಆದರೆ ಹೊಗಳಿದವನಿಗೆ ಇಲ್ಲ ಎನ್ನಲಾರದ ಮನುಷ್ಯ. ಅಂಥವರಿಂದಲೇ ಆ ಏಜಂಟನಂಥವರು ಬಾಳುತ್ತಾರೆ. ಅಂದಿನಿಂದ ನಾನು ಅವನಿಗೆ ಊಟ ಬಡಿಸಿದೆ, ಮಾತು ಬಡಿಸಲಿಲ್ಲ.

ಬೂಬುವಿಗೆ ಕನ್ನಡ ಓದಲು ಬಾರದು. ಚಿತ್ರದ ಕೆಳಗೆ ನಿಂತು, "ನಿನ್ನ ಫೋಟೋ ಛಲೋ ಬಂದೈತಿ ಅಂತ ಎಲ್ಲಾರೂ ಅಂತಾರ. ಏನ್ ಬರದಾರ ಅದ್ರಾಗ?" ಎಂದು ಕೇಳಿದಳು. ಓದಿ ಹೇಳಿದೆ. ಅವಳ ಮೂಗಿನ ಹೊಳ್ಳೆಗಳು ಅರಳಿದವು.

"ಹರಾಮಖೋರ! ಜ್ವರ ಬಂದ ದಿನಾನ ದವಾಖಾನಿಗೆ ನಿನ್ನ ಸಂಗಾಟ ನಾ ಬಂದಿದ್ನಲ್ಲ. ತಡಾ ಎಲ್ಲಿ ಆತು? ಇದ ದವಾನೂ ಕುಡಿಸಿದ್ವಲ್ಲ. ಮೂಗು ಹಿಡಿದಾಕಿ ನಾನು!"

ಮರುದಿನ ಬೆಳಗಾಗುತ್ತಲೇ ನಾವಿಬ್ಬರೂ ಬಕೀಟಿನಲ್ಲಿ ಸೆಗಣಿ ಕಲಸಿಕೊಂಡು ಹೊರಟೆವು. ನೋಡಿದವರಿಗೆ ಅಂಗಳ ಸಾರಿಸುವ ಹೆಂಗಸರ ಹಾಗೆ ಕಾಣಬೇಕು. ಮೋಟಾರು ನಿಲ್ಲುವಲ್ಲಿಂದ ಶುರು ಮಾಡಿದೆವು. ಸ್ವಂತ ಮುಖಕ್ಕೆ ಸೆಗಣಿ ಬಳಿಯುವುದು ಹೇಗಿರುತ್ತದೆ ಎಂದು ಯಾರೂ ನನ್ನನ್ನು ಕೇಳಲಿಲ್ಲ, ಕೇಳಿದರೆ ಹೇಳುತ್ತಿದ್ದೆ. ಕೈ ಬಾಯಿಯ ಹತ್ತಿರ ಬಂದಾಗ ನನ್ನ ಬಾಯಿ ತಾನೇ ಮುಚ್ಚಿಕೊಳ್ಳುತ್ತಿತ್ತು. ಕುಂಚಿಗೆಯ ಮೇಲೆ ಮಾತ್ರ ಬಳಿಯಲಿಲ್ಲ. ಹಾಗಾಗಿ ಊರ ತುಂಬ ಸೆಗಣಿಯ ಮಧ್ಯೆ ಒಂದೊಂದು ಕುಂಚಿಗೆ ಉಳಿಯಿತು.

ಮುಂದಿನ ಸಂತೆಗೆ ಅವೇ ಗೋಡೆಗಳ ಮೇಲೆ ಹೊಸ ಕಾಗದ. ಅವನ ಹತ್ತಿರ ನನ್ನ ಮುಖ ಕಟ್ಟುಗಟ್ಟಲೆ ಇತ್ತು. ನನ್ನ ಹತ್ತಿರ ಒಂದೇ ಇತ್ತು. ಹಾಗಾದರೆ ಆ ಒಂದನ್ನೇ ತೆಗೆದುಕೊಂಡು ಅವನೆದುರು ಹೋಗಬೇಕು ಎಂದು ನಿರ್ಧರಿಸಿದೆ.

ಅವನು ದಾಂಡೇಲಿಯಲ್ಲಿ ಕಟ್ಟಿಗೆ ಡಿಪೋದ ಕೂಲಿಯವರಿಗೆ ಆಟ ತೋರಿಸುತ್ತಾನೆ ಎಂದು ಗೊತ್ತಾಯಿತು. ಬೂಬುವಿನ ಗಂಡ ನಮ್ಮಿಬ್ಬರನ್ನೂ ಮೋಟಾರಿನಲ್ಲಿ ಒಯ್ದ. ಚಿತ್ರದಲ್ಲಿದ್ದ ಅದೇ ಸೀರೆ ಉಟ್ಟು, ಸೆರಗು ಹಿಂದೆ ಸರಿಸಿ, ಜನರ ನಡುವೆ ನಿಂತೆ. ತೇಗದ ದಿಮ್ಮಿಗಳ ಮೇಲೆಲ್ಲ ಹೆಂಗಸರು, ಮಕ್ಕಳು. ಹಾಡು ಅರ್ಧಕ್ಕೆ ನಿಂತಿತು, ಅವನು ಚಿತ್ರ ಎತ್ತಿದ. ನಾನು ಕೂಗಿದೆ: "ಆ ತಾಯಿ ನಾನ! ನಾ ತಡ ಮಾಡಿಲ್ಲ!"

ಅವನು ಬೆಚ್ಚಿದ್ದು ಕಣ್ಣು ಮಿಟುಕಿಸುವಷ್ಟು ಹೊತ್ತು ಮಾತ್ರ. ಚಕ್ಕಡಿಯಿಂದ ಕೈ ಚಾಚಿ ನನ್ನ ಕಡೆ ತೋರಿಸಿದ.

"ನೋಡ್ರಿ, ನೋಡ್ರಿ ಅವ್ವಾರ! ಚಿತ್ರದಾಗಿನ ತಾಯಿ ಖುದ್ದ ಬಂದಾಳ! ತನಗಾದ ಗತಿ ನಿಮಗ ಆಗಬಾರದು ಅಂತ ಹಳಿಯಾಳದಿಂದ ಬಂದಾಳ! ಇದಕ್ಕಿಂತ ಹೆಚ್ಚಿಗಿ ಏನ್ ಹೇಳ್ಲಿ ನಾ?"

ಮತ್ತೆ ಗ್ರಾಮಫೋನಿನ ಸೂಜಿ ಇಳಿಸಿದ. ನಾನು ಕಿರುಚಿದೆ, ಅತ್ತೆ, ಈ ಬಾಟಲಿಯನ್ನೇ ಕುಡಿಸಿದ್ದೆ ಎಂದು ಹೇಳಿದೆ. ಹಾಡಿನಲ್ಲಿ ನನ್ನ ಮಾತು ಮುಳುಗಿತು, ಕಣ್ಣೀರು ಮಾತ್ರ ಕಂಡಿತು. ಹೆಂಗಸರು ಬಂದು ನನ್ನ ಕೈ ಹಿಡಿದು, "ಪಾಪ" ಎಂದು ಹೇಳಿ, ಹೋಗಿ ಬಾಟಲಿ ಕೊಂಡರು. ಆ ದಿನದಷ್ಟು ವ್ಯಾಪಾರ ಅವನಿಗೆ ಎಂದೂ ಆಗಿರಲಿಕ್ಕಿಲ್ಲ. ಕೊನೆಗೆ ನನ್ನ ಕಡೆ ನೋಡಿ ಕೈ ಮುಗಿದ. ನಗಲಿಲ್ಲ. ನಕ್ಕಿದ್ದರೆ ನಾನು ಅವನನ್ನು ಸ್ವಲ್ಪ ಕಡಿಮೆ ದ್ವೇಷಿಸುತ್ತಿದ್ದೆ.

ತಿರುಗಿ ಬರುವಾಗ ಮೋಟಾರಿನಲ್ಲಿ ಬೂಬುವಿನ ಗಂಡ ಮುಂದೆ ದಾರಿ ನೋಡುತ್ತಲೇ ಹೇಳಿದ: "ಬೆಹೆನ್, ಅವನ ಕಡೆ ಭೋಂಗಾ ಐತಿ. ನಿನ್ನ ಕಡೆ ಇಲ್ಲ. ಅದನ್ನ ಮೊದಲ ಬಂದ್ ಮಾಡ್ಬೇಕು."

ಬೂಬು ಅವನ ಕಡೆ ನೋಡಿದಳು. ಆಮೇಲೆ ತನ್ನ ಬುರಖಾದ ಮಡಿಕೆಗಳನ್ನು ನೋಡಿಕೊಂಡಳು.

ನಾನು ಬೇರೆಯದನ್ನು ಯೋಚಿಸುತ್ತಿದ್ದೆ. ಅಳು ಅವನ ಸರಕು. ನಾನು ಎಷ್ಟು ಅತ್ತರೂ ಅವನಿಗೆ ಅಷ್ಟು ಲಾಭ. ದುಃಖ, ಹೆದರಿಕೆ, ಇವು ಯಾರ ಕಣ್ಣಲ್ಲಿ ಕಂಡರೂ ಅವನಿಗೆ ಅದರ ಮೇಲೆ ಬಾಟಲಿ ಇಡಲು ಬರುತ್ತದೆ. ಅವನ ಹತ್ತಿರ ಇಲ್ಲದ್ದು ನಾಚಿಕೆ. ಅದು ಅವನಲ್ಲಿ ಇಲ್ಲದಿದ್ದರೆ ಹೊರಗಿನಿಂದ ತಂದು ಮೆತ್ತಬೇಕು. ಆಗ ನನಗೆ ಅವನು ನನ್ನ ಮನೆಯ ನೆಲದ ಮೇಲೆ ಕೂತು ಹೇಳಿದ ಮಾತು ನೆನಪಾಯಿತು. ಮನೆ ಮುಟ್ಟುವಷ್ಟರಲ್ಲಿ ಅವನಿಗೆ ಕೇಳಬೇಕಾದ ಪ್ರಶ್ನೆ ನನಗೆ ಸಿಕ್ಕಿತ್ತು.

ಹಳಿಯಾಳದ ಸಂತೆಗೆ ಅವನು ಬಂದ. ದಾಂಡೇಲಿಯ ಸುದ್ದಿ ಕೇಳಿ ಜನ ಹೆಚ್ಚಾಗಿಯೇ ಸೇರಿದ್ದರು. ನಾನು ತಲೆ ಬಾಚಿ, ಹಣೆಗೆ ವಿಭೂತಿ ಹಚ್ಚಿ, ಒಳ್ಳೆಯ ಇಳಕಲ್ ಸೀರೆ ಉಟ್ಟು ಹೋದೆ. ಚಿತ್ರದ ಹೆಂಗಸಿನ ಹಾಗೆ ಕಾಣಬಾರದೆಂದೇ ಹಾಗೆ ಹೋದೆ. ಬೂಬು ಮೊದಲೇ ಹೋಗಿ ಚಕ್ಕಡಿಯ ಗಾಲಿಗೆ ಒರಗಿ ಕೂತಿದ್ದಳು, ಬಿಸಿಲಿಗೆ ಸುಸ್ತಾದವಳ ಹಾಗೆ. ಅವನು ಗ್ರಾಮಫೋನಿಗೆ ಚಾವಿ ಕೊಟ್ಟು, ತಿರುಗಿಸುವ ಹಿಡಿಕೆಯನ್ನು ತೆಗೆದು ಪಕ್ಕಕ್ಕಿಟ್ಟು, ಜನರ ಕಡೆ ತಿರುಗಿದ. ಬೂಬುವಿನ ಕೈ ಬುರಖಾದಿಂದ ಹೊರಗೆ ಬಂದು ಒಳಗೆ ಹೋಯಿತು. ಹಿಡಿಕೆ ಇದ್ದ ಜಾಗ ಖಾಲಿಯಾಯಿತು.

ಹಾಡಿನ ಅರ್ಧಕ್ಕೆ ಸೂಜಿ ಎತ್ತಿ ಅವನು ನನ್ನನ್ನು ಕಂಡ. "ಬರ್ರಿ ತಾಯಿ, ಮುಂದ ಬರ್ರಿ," ಎಂದು ತಾನೇ ಕರೆದ. ದಾಂಡೇಲಿಯ ರುಚಿ ಹತ್ತಿತ್ತು.

ನಾನು ಮುಂದೆ ಹೋದೆ. "ಒಂದು ಮಾತು ಕೇಳ್ತೇನ್ರಿ," ಅಂದೆ. ದನಿ ಏರಿಸಲಿಲ್ಲ. ಜನ ಕೇಳಿಸಿಕೊಳ್ಳಲು ಸುಮ್ಮನಾದರು. "ನಮ್ಮ ಮನಿಗೆ ಬಂದಾಗ, ನಿಮ್ಮದೂ ಒಂದು ಕೂಸು ಹೋಗೇತಿ ಅಂದಿದ್ರಿ. ಕಣ್ಣೀರು ಹಾಕಿದ್ರಿ."

ಅವನು ಎದೆಯ ಮೇಲೆ ಕೈ ಇಟ್ಟುಕೊಂಡ. "ಹೌದ್ರಿ ತಾಯಿ. ಆ ದುಃಖ ನನ್ನ ಜೀವ ಇರೂತನಕ..."

"ಆ ಕೂಸಿಗೆ ಈ ಬಾಟ್ಲಿ ಕುಡಿಸಿದ್ರೋ ಇಲ್ಲೋ?"

ಅವನು ತಟ್ಟನೆ ತಿರುಗಿ ಸೂಜಿ ಇಳಿಸಿದ. ಹಾಡು ನಾಲ್ಕು ಹೆಜ್ಜೆ ನಡೆದು, ದನಿ ದಪ್ಪವಾಗಿ, ಗಂಟಲು ಕಟ್ಟಿದ ಮುದುಕನ ಹಾಗೆ ನರಳಿ ನಿಂತುಹೋಯಿತು. ಹಿಡಿಕೆಗಾಗಿ ತಡಕಾಡಿದ. ಚಕ್ಕಡಿಯ ಹುಲ್ಲನ್ನೆಲ್ಲ ಕೆದರಿದ.

ಸಂತೆಯಲ್ಲಿ ಮೆಣಸಿನಕಾಯಿ ಮಾರುವ ಅಜ್ಜಿಯೊಬ್ಬಳು ಕುಳಿತಲ್ಲಿಂದಲೇ ಕೇಳಿದಳು: "ಹೇಳಪಾ. ಕುಡಿಸಿದ್ರ ಕೂಸು ಯಾಕ ಹೋತು? ಕುಡಿಸದಿದ್ರ ನಮಗ್ಯಾಕ ಕುಡಸ್ರಿ ಅಂತಿ?"

"ಅಲ್ರಿ... ಆವಾಗ ಈ ಔಷಧ ಇನ್ನೂ ಬಂದಿರಲಿಲ್ಲ," ಅಂದ.

ನಾನು ಚಕ್ಕಡಿಯ ಮೇಲಿನ ಒಂದು ಬಾಟಲಿ ಎತ್ತಿಕೊಂಡು ಅದರ ಚೀಟಿಯನ್ನು ಗಟ್ಟಿಯಾಗಿ ಓದಿದೆ. "ಅಜ್ಜಿಯರ ಕಾಲದಿಂದ ತಾಯಂದಿರು ನಂಬಿಕೊಂಡು ಬಂದದ್ದು."

ಯಾರೋ ನಕ್ಕರು. ಆ ನಗು ಸಂತೆಯ ಒಂದು ಬದಿಯಿಂದ ಇನ್ನೊಂದು ಬದಿಗೆ ಹಬ್ಬಿತು. ಅವನ ಮುಖದ ಮೇಲಿನ ಸವಿ ಕಳಚಿ ಬಿತ್ತು. ಕೆಳಗಿದ್ದ ಮುಖ ಬೇರೆಯೇ ಇತ್ತು, ದಣಿದದ್ದು, ಸಿಟ್ಟಿನದು.

"ಅಯ್ಯ, ನನಗ ಮಕ್ಕಳ ಇಲ್ಲ! ಯಾಕ ಜೀವಾ ತಿಂತೀಯವ್ವಾ!"

ಅವನಿಗೇ ತಾನು ಏನು ಹೇಳಿದೆ ಎನ್ನುವುದು ಆಮೇಲೆ ತಿಳಿಯಿತು. ಹೆಂಗಸರಿಗೆ ಮೊದಲೇ ತಿಳಿದಿತ್ತು. ಇಲ್ಲದ ಕೂಸನ್ನು ಸಾಯಿಸಿ ಅತ್ತವನು ಎಂದರೆ ನಮ್ಮಲ್ಲಿ ಕಳ್ಳನಿಗಿಂತ ಕೀಳು. ಮೊದಲ ಬಾಟಲಿ ಯಾರ ಕೈಯಿಂದ ಹೋಯಿತೋ ನೋಡಲಿಲ್ಲ. ಅದು ಗಾಲಿಯ ಪಟ್ಟಿಗೆ ಬಡಿದು ಒಡೆಯಿತು. ಆಮೇಲೆ ಬಿಳಿ ಕೋಟಿಗೆ ಕಂದು ಕಲೆಗಳು. ಅಜ್ಜಿ ಒಂದು ಹಿಡಿ ಮೆಣಸಿನ ಪುಡಿಯನ್ನು ಗಾಳಿ ನೋಡಿ ತೂರಿದಳು. ಅವನು ಕಣ್ಣು ಉಜ್ಜಿಕೊಳ್ಳುತ್ತ ಅತ್ತ. ನಾನು ಹತ್ತಿರ ಹೋಗಿ ನಿಂತು, ಅವನಿಗೆ ಮಾತ್ರ ಕೇಳುವಂತೆ ಹೇಳಿದೆ: "ಹಾಂ, ಹಂಗ ಇರು."

ಎಷ್ಟೋ ಜನ ಹೇಳುತ್ತಾರೆ, ಸೇಡು ತೀರಿಸಿಕೊಂಡ ಮೇಲೆ ಮನಸ್ಸು ಬರಿದಾಗುತ್ತದೆ ಎಂದು. ನನಗೆ ಹಾಗೇನೂ ಆಗಲಿಲ್ಲ. ಅಂದು ರಾತ್ರಿ ಎಷ್ಟೋ ದಿನಗಳ ಮೇಲೆ ಹೊಟ್ಟೆ ತುಂಬ ಉಂಡೆ.

ಅವನು ಮೋಟಾರು ನಿಲ್ಲುವಲ್ಲಿಗೆ ಓಡಿದ. ಬೂಬುವಿನ ಗಂಡ ಮೋಟಾರಿನ ಮೂತಿ ತೆರೆದಿಟ್ಟು, ಕೈಗೆ ಎಣ್ಣೆ ಹಚ್ಚಿಕೊಂಡು, "ಗಾಡಿ ಕೆಟ್ಟೈತ್ರಿ ಸಾಹೇಬ್ರ" ಅಂದ. ಚಕ್ಕಡಿಯವನು ಎತ್ತು ಬಿಚ್ಚಿ ಮೇಯಲು ಬಿಟ್ಟಿದ್ದ. ಏಜಂಟ ಆಳ್ನಾವರದ ದಾರಿ ಹಿಡಿದು ನಡೆದೇ ಹೋದ. ಭೋಂಗಾ ಸಂತೆಯಲ್ಲಿಯೇ ಉಳಿಯಿತು. ಬಹಳ ದಿನ ಮೆಣಸಿನಕಾಯಿಯ ಅಜ್ಜಿ ಅದನ್ನು ಬೋರಲು ಹಾಕಿ ಅದರ ಮೇಲೆ ತಕ್ಕಡಿ ಇಡುತ್ತಿದ್ದಳು.

ಅದೇ ಸಂಜೆ ಅಂಗಡಿಯಲ್ಲಿ ಉಳಿದ ಬಾಟಲಿಗಳನ್ನೆಲ್ಲ ಗಟಾರಕ್ಕೆ ಸುರಿದೆ. ನನ್ನ ಗಂಡ ತಡೆಯಲಿಲ್ಲ. ತಾನೇ ಒಂದೊಂದು ಬಾಟಲಿಯ ಬಿರಡೆ ತೆಗೆದು ನನ್ನ ಕೈಗೆ ಕೊಟ್ಟ. ಇರುವೆಗಳು ಸಾಲುಗಟ್ಟಿ ಬಂದವು. ಅವು ಕುಡಿದು ದಪ್ಪವೂ ಆಗಲಿಲ್ಲ, ಸಾಯಲೂ ಇಲ್ಲ. "ತಗಡೂ ಇಳಸ್ತೇನಿ," ಅಂದ ಗಂಡ. ಗುಂಡು ಕೂಸಿನ ಚಿತ್ರ ನನಗೆ ಏನೂ ಮಾಡಿರಲಿಲ್ಲ, ಆದರೂ ಇಳಿಸಲಿ ಎಂದುಕೊಂಡೆ. ಅವನು ಹೆಂಡತಿಯ ಪರವಾಗಿ ಮಾಡಿದ ಮೊದಲ ಕೆಲಸ ಅದು. ನಿಚ್ಚಣಿಕೆ ಹಿಡಿದುಕೊಂಡೆ. ಮಾತು ಮತ್ತೆ ಶುರುವಾದದ್ದು ಅಲ್ಲಿಂದ: "ಜ್ವಾಕಿ, ಮೊಳಿ ಬೀಳ್ತೈತಿ."

ನನಗೆ ಅಷ್ಟು ಸಾಕಾಗಲಿಲ್ಲ. ಏಜಂಟನ ಮಾತು ಹೋದ ಊರಿಗೆಲ್ಲ ನನ್ನ ಪ್ರಶ್ನೆಯೂ ಹೋಗಬೇಕು ಎಂದು ಹಟ ಹಿಡಿದೆ. ಅಂಗಡಿಗೆ ಬಂದ ಹೆಂಗಸರಿಗೆಲ್ಲ ಹೇಳಿದೆ. ಮೋಟಾರು ಹತ್ತುವವರಿಗೆ ಬೂಬುವಿನ ಗಂಡ ಹೇಳಿದ. ನಾನೂ ಏಜಂಟನ ಉಪಾಯವನ್ನೇ ಬಳಸಿದೆ; ಕತೆಯನ್ನು ಪೂರ್ತಿ ಹೇಳುತ್ತಿರಲಿಲ್ಲ. "ಅವನ ಕೂಸಿಗೆ ಏನ್ ಕುಡಿಸಿದ್ದಾ ಅಂತ ಅವನ್ನ ಕೇಳ್ರಿ" ಎಂದು ಅಲ್ಲಿಗೆ ನಿಲ್ಲಿಸುತ್ತಿದ್ದೆ. ಉಳಿದದ್ದನ್ನು ತಿಳಿಯಲು ಅವರು ಅವನ ದಾರಿ ಕಾಯುತ್ತಿದ್ದರು. ಮುಂಡಗೋಡಕ್ಕೆ ನನ್ನ ಅಣ್ಣನ ಮೂಲಕ ಮುಟ್ಟಿಸಿದೆ. ಅಲ್ಲಿ ಗೋಡೆ ನೋಡಿ ಮುಖ ತಿರುಗಿಸಿದ್ದವನು ಈಗ ಪೇಟೆಯಲ್ಲಿ ನಿಂತು ಗಟ್ಟಿಯಾಗಿ ಹೇಳಿದನಂತೆ. ಏಜಂಟ ಜೋಯ್ಡಾದ ಸಂತೆಗೆ ಹೊಸ ಗ್ರಾಮಫೋನ್ ತೆಗೆದುಕೊಂಡು ಹೋದಾಗ, ಚಾವಿ ತಿರುಗಿಸುವ ಮೊದಲೇ, ಬಾಳೆಕಾಯಿ ಮಾರುವ ಹೆಂಗಸರು ಕೊಂಕಣಿಯಲ್ಲಿ ಅದನ್ನೇ ಕೇಳಿದರು ಎಂದು ಸುದ್ದಿ ಬಂತು. ಅವನಿಗೆ ಕೊಂಕಣಿ ಬರುತ್ತಿರಲಿಲ್ಲ. ಆದರೂ ಪ್ರಶ್ನೆ ತಿಳಿಯಿತಂತೆ. ಅದಾದ ಮೇಲೆ ಅವನು ನಮ್ಮ ಕಡೆ ಬರಲಿಲ್ಲ. ಕಂಪನಿ ಅವನನ್ನು ತೆಗೆದುಹಾಕಿತು ಎಂದು ಕೆಲವರು, ಬೇರೆ ಸೀಮೆಗೆ ಕಳಿಸಿತು ಎಂದು ಕೆಲವರು ಹೇಳಿದರು. ಮೊದಲನೆಯದು ನಿಜವಾಗಿರಲಿ ಎಂದು ಲಿಂಗಪೂಜೆ ಮಾಡುವಾಗ ಬೇಡಿಕೊಂಡಿದ್ದೇನೆ. ಅದು ತಪ್ಪು ಎನ್ನುವವರು ಎನ್ನಲಿ.

ಯುದ್ಧದ ನಡುವೆ, ಸೀಮೆಎಣ್ಣೆ ಸಕ್ಕರೆಗಳು ಸಿಗದ ಕಾಲದಲ್ಲಿ, ನೆಂಟರ ಮದುವೆಗೆಂದು ಬೆಳಗಾವಿಗೆ ಹೋದೆ. ಅಷ್ಟು ಹೊತ್ತಿಗೆ ನನಗೆ ಒಬ್ಬ ಮಗಳು ಹುಟ್ಟಿದ್ದಳು. ಅವಳನ್ನು ಬೂಬುವಿನ ಹತ್ತಿರ ಬಿಟ್ಟು ಹೋಗಿದ್ದೆ. ಮದುವೆ ಮನೆಯ ಓಣಿಯ ತಿರುವಿನಲ್ಲಿ, ಬೀಗ ಹಾಕಿದ ಒಂದು ಅಂಗಡಿಯ ಗೋಡೆಯ ಮೇಲೆ, ನಾನು ಕೂತಿದ್ದೆ. ಬಿಸಿಲಿಗೆ ಬಣ್ಣ ಹೋಗಿತ್ತು, ಕಾಗದದ ಅಂಚು ಎದ್ದಿತ್ತು. ಮೇಲಿನ ಅಕ್ಷರ ಮರಾಠಿ. ಪಕ್ಕದಲ್ಲಿ ಹೋಗುತ್ತಿದ್ದ ಒಬ್ಬ ಹಿರಿಯರಿಂದ ಓದಿಸಿದೆ. ಓದಿ ಕನ್ನಡದಲ್ಲಿ ಹೇಳಿದರು. ಅದೇ ಮಾತು. ನಾನು ಗೊತ್ತೇ ಇಲ್ಲದ ಊರಿನಲ್ಲಿ, ಗೊತ್ತೇ ಇಲ್ಲದ ಭಾಷೆಯಲ್ಲಿಯೂ ತಡ ಮಾಡಿದ್ದೆ.

ಅವರು ನನ್ನನ್ನೂ ಚಿತ್ರವನ್ನೂ ನೋಡಿದರು. "ಇದು ನಿಮ್ಮದ ಏನವ್ವಾ?" ಎಂದು ಮೆಲ್ಲಗೆ ಕೇಳಿದರು.

"ಮಾರಿ ನಂದು. ಮಾತು ನಂದಲ್ರಿ," ಅಂದೆ.

ಹಗಲು ಹೊತ್ತು, ಓಣಿಯ ತುಂಬ ಜನ. ನಾನು ಬಳೆ ಮೇಲೇರಿಸಿ, ಎದ್ದಿದ್ದ ಅಂಚಿಗೆ ಉಗುರು ಹಾಕಿ ಎಳೆದೆ. ಕೆನ್ನೆ ಬಂತು, ಆಮೇಲೆ ಸೆರಗು, ತೊಟ್ಟಿಲು, ಬಾಟಲಿ. ಹಿರಿಯರು ತಮ್ಮ ಕೋಲಿನ ತುದಿಯಿಂದ ನನ್ನ ಕೈಗೆ ನಿಲುಕದ ಮೇಲಿನ ಅಕ್ಷರಗಳನ್ನು ಕೆರೆದು ಕೊಟ್ಟರು. ನನ್ನ ಮುಖದ ಕೆಳಗೆ ಗೋಡೆ ಇರಲಿಲ್ಲ. ಹಳೆಯ ಇನ್ನೊಂದು ಕಾಗದವಿತ್ತು, ಅದರ ಮೇಲೆ ಇನ್ನೊಬ್ಬ ಹೆಂಗಸು. ಏನು ಮಾರುವುದಕ್ಕೆ ಕೂಡಿಸಿದ್ದರೋ ತಿಳಿಯಲಿಲ್ಲ; ಅಕ್ಷರಗಳೆಲ್ಲ ಹರಿದಿದ್ದವು. ಅವಳೂ ಯಾವುದೋ ಬಾಗಿಲ ಬೆಳಕಿನಲ್ಲಿ ತಲೆ ತಗ್ಗಿಸಿ ಕೂತಿದ್ದಳು.

ಅವಳದನ್ನೂ ಕಿತ್ತು ತೆಗೆದೆ. ಉಗುರಿನ ಸಂದಿಯಲ್ಲಿ ಗೋಂದು ಸೇರಿಕೊಂಡಿತ್ತು, ತೊಳೆದರೂ ಹೋಗಲಿಲ್ಲ. ಹಾಗೇ ಹೋಗಿ ಮದುವೆಯ ಊಟಕ್ಕೆ ಕೂತೆ.